ಇಂಟರ್ವಲ್ ಇಲ್ಲದ ಸಿನಿಮಾ

ಜುವಾಕಿಂನನ್ನು ಒಂದು ಕಡೆ ಕೂರಿಸಿದವರು ಈವರೆಗೆ ಯಾರೂ ಇಲ್ಲ. ಅಬುಧಾಬಿ ಪಕ್ಕದ ಮುಸಫ್ಫಾದ ವರ್ಕ್‌ಶಾಪಿನಲ್ಲಿ ಮೂವತ್ತು ವರ್ಷ ಲೇತ್ ಮೆಷಿನ್ ಎದುರು ನಿಂತೇ ಕಳೆದವನು. ಭಾನುವಾರ ಇಗರ್ಜಿಯಲ್ಲೂ ಹಿಂದಿನ ಗೋಡೆಗೆ ಒರಗಿ ನಿಲ್ಲುತ್ತಾನೆ. ಈ ಐವತ್ತೆಂಟರಲ್ಲೂ ಅದೇ ಚಾಳಿ. ಆ ಶನಿವಾರ ಸಂಜೆಯಂತೂ ಕಾಲಿಗೆ ಚಕ್ರ ಕಟ್ಟಿಕೊಂಡಿದ್ದ.

ಇದಕ್ಕೆಲ್ಲ ಕಾರಣ ಮಗಳು. ಶಾರನ್ ಊರಿನಿಂದ ಬಂದು ಅಬುಧಾಬಿಯ ಒಂದು ಕಲಾಕೇಂದ್ರದಲ್ಲಿ ಕೆಲಸಕ್ಕೆ ಸೇರಿ ಎಂಟು ತಿಂಗಳು. ಅಲ್ಲಿ ನೂರು ವರ್ಷ ಹಳೆಯ ಹಾಲಿವುಡ್ ಮೂಕಿಚಿತ್ರವೊಂದನ್ನು ನಿಜವಾದ ರೀಲಿನಲ್ಲೇ ತೋರಿಸುವುದೆಂದು ನಿಶ್ಚಯವಾಗಿತ್ತು. ರೀಲು ಒಬ್ಬ ಸಂಗ್ರಾಹಕರದು, ಅಂಥದ್ದು ಬೇರೆಲ್ಲೂ ಇಲ್ಲವಂತೆ. ಪ್ರೊಜೆಕ್ಟರ್ ಯಂತ್ರ ನಡೆಸಬೇಕಿದ್ದ ಯುರೋಪಿನವನು ಜ್ವರ ಹಿಡಿದು ಮಲಗಿಬಿಟ್ಟ. ಮೀಟಿಂಗಿನಲ್ಲಿ ಎಲ್ಲರೂ ತಲೆ ಮೇಲೆ ಕೈ ಹೊತ್ತು ಕೂತಿದ್ದಾಗ ಶಾರನ್, "ನನ್ನ ಅಪ್ಪ ಮಾಡ್ತಾರೆ" ಎಂದುಬಿಟ್ಟಳು. ಅಪ್ಪ ಗಲ್ಫಿಗೆ ಬರುವ ಮೊದಲು ಕುಂದಾಪುರದ ಕಡೆ ಟೂರಿಂಗ್ ಟಾಕೀಸಿನಲ್ಲಿ ಆಪರೇಟರ್ ಆಗಿದ್ದ ಎಂದು ಅಜ್ಜಿ ಹೇಳಿದ್ದಷ್ಟೇ ಅವಳಿಗೆ ಗೊತ್ತು, ಕಣ್ಣಾರೆ ಕಂಡವಳಲ್ಲ. ರೀಲು ಹಾಳಾದರೆ ಮೊದಲು ಹೋಗುವುದು ಅವಳ ಕೆಲಸ.

"ಒಂದು ಮಾತು ಪಪ್ಪಾ. ಇಂಟರ್ವಲ್ ಇಲ್ಲ. ಬಾಸ್ ಸ್ಟ್ರಿಕ್ಟಾಗಿ ಹೇಳಿದ್ದಾರೆ."

"ಇಂಟರ್ವಲ್ ಇಲ್ಲದ್ದು ಎಂತ ಸಿನಿಮಾ ಮಾರಾಯ್ತಿ?"

"ಪಪ್ಪಾ, ಪ್ಲೀಸ್."

ಅವನು ಒಲ್ಲದ ಮನಸ್ಸಿನಿಂದ ಹೂಂ ಅಂದ. ಟೂರಿಂಗ್ ಟಾಕೀಸಿನಲ್ಲಿ ಇಂಟರ್ವಲ್ ಎಲ್ಲಿ ಎಂದು ತೀರ್ಮಾನಿಸುತ್ತಿದ್ದವನೇ ಆಪರೇಟರ್. ಕತೆ ತುದಿಗಾಲಲ್ಲಿ ನಿಂತಾಗ ದೀಪ ಹಾಕಬೇಕು, ಇಲ್ಲವಾದರೆ ಸೋಡಾ ಮಾರುವವರು ಜಗಳಕ್ಕೆ ಬರುತ್ತಿದ್ದರು. ನಡುವೆ ಫಿಲ್ಮ್ ತುಂಡಾದರೂ ಅದಕ್ಕೆ ಇಂಟರ್ವಲ್ ಎಂದೇ ಹೆಸರು. ಜನ ಸೋಡಾ ಕುಡಿದು ಬರುವಷ್ಟರಲ್ಲಿ ಅಂಟಿಸಿ ಮುಗಿಸುತ್ತಿದ್ದ.

ಆ ಸಂಜೆ ಸಭಾಂಗಣ ತುಂಬಿತ್ತು. ಸಿನಿಮಾದ ವಿಜ್ಞಾನಿ ಹಸುಗೂಸು ಮಗಳನ್ನು ಬಿಟ್ಟು ರಾಕೆಟ್ಟು ಹತ್ತಿ ಮಂಗಳ ಗ್ರಹಕ್ಕೆ ಹೋಗುತ್ತಾನೆ. ರಾಕೆಟ್ಟೋ, ನಮ್ಮ ಡೈರಿಯ ಹಾಲಿನ ಕ್ಯಾನಿನ ಹಾಗಿತ್ತು. ಮಗಳು ಕಿಟಕಿಯ ಪಕ್ಕ ರೇಡಿಯೋಗೆ ಕಿವಿಗೊಟ್ಟು ಕಾಯುತ್ತ ಕಾಯುತ್ತ ದೊಡ್ಡವಳಾಗುತ್ತಾಳೆ. ಪ್ರೊಜೆಕ್ಟರ್ ಕೋಣೆಯ ಕಿಂಡಿಯಿಂದ ಪರದೆಯ ಕಡೆ ಒಮ್ಮೊಮ್ಮೆ ಕಣ್ಣು ಹಾಯಿಸುತ್ತಿದ್ದ ಜುವಾಕಿಂಗೆ, ಗಲ್ಫಿನಿಂದ ಊರಿಗೆ ಹೋದ ಒಂದು ರಜೆ ನೆನಪಾಯಿತು. ಶಾರನ್‌ಗೆ ಮೂರು ವರ್ಷವಿದ್ದಾಗ, ಬಜ್ಪೆ ವಿಮಾನ ನಿಲ್ದಾಣದಲ್ಲಿ ಅವನು ಕೈ ಚಾಚಿದರೆ ಅವಳು ಅಜ್ಜಿಯ ಸೆರಗಿನ ಹಿಂದೆ ಅಡಗಿಕೊಂಡು, "ಅದು ಯಾರು?" ಎಂದು ಕೇಳಿದ್ದಳು. ಎಲ್ಲರೂ ನಕ್ಕಿದ್ದರು, ಅವನೂ ನಕ್ಕಿದ್ದ. ಆ ನೋವು ಮಾತ್ರ ಇವತ್ತಿಗೂ ಹೋಗಿಲ್ಲ.

ಪರದೆಯ ಮೇಲೆ ವಿಜ್ಞಾನಿ ಮುದುಕನಾಗಿ ಮರಳಿ ಬಂದು ಮನೆಯ ಬಾಗಿಲು ತಟ್ಟಿದ. ಮಗಳು ಚಿಲಕಕ್ಕೆ ಕೈ ಹಾಕಿದಳು. ಅಷ್ಟರಲ್ಲಿ ಯಂತ್ರದ ಸದ್ದು ಬದಲಾಯಿತು. ಬೇರೆಯವರ ಕಿವಿಗೆ ಬೀಳುವಂಥದ್ದಲ್ಲ ಅದು. ಫಿಲ್ಮಿನ ಹಳೆಯ ಜಾಯಿಂಟೊಂದು ಬಿಟ್ಟುಕೊಳ್ಳುತ್ತಿತ್ತು. ಇನ್ನೆರಡು ಸೆಕೆಂಡು ಓಡಿಸಿದರೆ ಯಂತ್ರದ ಹಲ್ಲುಗಳು ಅದನ್ನು ಚಿಂದಿ ಮಾಡುತ್ತವೆ. ನಿಲ್ಲಿಸಿದರೆ ಶಾರನ್‌ಗೆ ಎಲ್ಲರೆದುರು ಅವಮಾನ.

ಕೈ ಅವನನ್ನು ಕೇಳಲಿಲ್ಲ. ಯಂತ್ರ ನಿಲ್ಲಿಸಿ, ಸಭಾಂಗಣದ ಲೈಟು ಹಾಕಿ, ಕಿಂಡಿಗೆ ಬಾಯಿಟ್ಟು ಹಳೆಯ ಗಂಟಲಲ್ಲಿ ಕೂಗಿತು ಜೀವ: "ಇಂಟರ್ವಲ್. ಟೆನ್ ಮಿನಿಟ್ಸ್."

ಒಂದು ಗಳಿಗೆ ಯಾರೂ ಮಿಸುಕಲಿಲ್ಲ. ಆಮೇಲೆ ನಡುವಿನ ಸಾಲಿನ ಮಲಯಾಳಿ ಕುಟುಂಬವೊಂದು ಇದೇನು ಹೊಸತಲ್ಲ ಎಂಬಂತೆ ಎದ್ದು ಚಹಾದ ಕಡೆ ನಡೆಯಿತು. ಅವರ ಹಿಂದೆ ಅರ್ಧ ಸಭಾಂಗಣವೇ ಎದ್ದಿತು.

ಶಾರನ್ ಮೆಟ್ಟಿಲು ಹತ್ತಿ ಓಡಿ ಬಂದಳು. "ಪಪ್ಪಾ, ನಾನು ಏನು ಹೇಳಿದ್ದೆ ನಿಮಗೆ?"

ಜುವಾಕಿಂ ಫಿಲ್ಮನ್ನು ಬೆಳಕಿಗೆ ಹಿಡಿದು ತೋರಿಸಿದ. ಜಾಯಿಂಟು ಕೂದಲೆಳೆಯಲ್ಲಿ ನಿಂತಿತ್ತು. ಅವಳ ಮುಖ ಬಿಳುಚಿಕೊಂಡಿತು.

"ಹೋಯ್ತಾ?"

"ಇಲ್ಲ. ಮೊಬೈಲ್ ಲೈಟ್ ಹಿಡಿ ಪುತಾ. ಅಲುಗಾಡಿಸಬೇಡ."

ಇಡೀ ದಿನ ಒಂದು ಕಡೆ ನಿಲ್ಲದಿದ್ದ ಮನುಷ್ಯ ಈಗ ಕಲ್ಲಿನಂತೆ ನಿಂತ. ಕಬ್ಬಿಣ ತಿರುವಿ ಒರಟಾದ ಬೆರಳುಗಳು ಹಳೆಯ ಅಂಟನ್ನು ಕೆರೆದು, ಹೊಸದನ್ನು ಸವರಿ, ಎರಡು ತುದಿಗಳನ್ನು ಕೂಡಿಸಿ ಒತ್ತಿ ಹಿಡಿದವು. ಶಾರನ್ ಫಿಲ್ಮನ್ನು ಬಿಟ್ಟು ಅವನ ಕೈಯನ್ನೇ ನೋಡುತ್ತಿದ್ದಳು.

ಸಿನಿಮಾ ಮತ್ತೆ ಓಡಿತು. ಅವಳು ಕೆಳಗೆ ಹೋಗದೆ ಕಿಂಡಿಯ ಹತ್ತಿರವೇ ನಿಂತು ಕೊನೆಯವರೆಗೂ ನೋಡಿದಳು. ಚಪ್ಪಾಳೆ ಬಿತ್ತು. ಸಂಗ್ರಾಹಕರು ಮೇಲೆ ಬಂದು, ಕನ್ನಡಕ ಏರಿಸಿ ಜಾಯಿಂಟನ್ನು ಪರೀಕ್ಷಿಸಿ, ಜುವಾಕಿಂನ ಕೈಯನ್ನು ಎರಡೂ ಕೈಯಿಂದ ಹಿಡಿದು ಕುಲುಕಿ ಹೋದರು.

ರೀಲು ಸುತ್ತುತ್ತ ಅವನು ಕೇಳಿದ, "ಪುತಾ, ಆ ಮಗಳಿಗೆ ಅಪ್ಪನ ಗುರುತು ಸಿಕ್ಕಿತಾ?"

"ನೀವು ನೋಡಲಿಲ್ಲವಾ?"

"ಜಾಯಿಂಟ್ ಹಾಕಿದ ಮೇಲೆ ಎಲ್ಲಿ ನೋಡುದು? ಕಣ್ಣು ಫಿಲ್ಮ್ ಮೇಲೆಯೇ ಇತ್ತು."

ಶಾರನ್ ರೀಲಿನ ಡಬ್ಬಿಯ ಮುಚ್ಚಳ ತೆಗೆದಿಟ್ಟಳು. "ಸಿಕ್ಕಿತು ಪಪ್ಪಾ," ಎಂದಳು. "ಸ್ವಲ್ಪ ತಡ ಆಯ್ತು, ಅಷ್ಟೇ."

ಆಮೇಲೆ ಮೂಲೆಯಲ್ಲಿದ್ದ ಸ್ಟೂಲನ್ನು ಎಳೆದು ತಂದು ಅವನ ಹಿಂದೆ ಇಟ್ಟಳು. ಜುವಾಕಿಂ ಕೂತ.