ತಕರಾರು ಇದ್ದವರು ಹೇಳಬಹುದು

ನನ್ನ ಗಂಡ ಆಗ ಚರ್ಚಿನಲ್ಲಿ ಸಣ್ಣ ಅಯ್ಯನವರು, ಗುರುದೀಕ್ಷೆ ಇನ್ನೂ ಆಗದ ಪಾದ್ರಿ. ಪ್ರಸಂಗ ಮಾಡಬಹುದು, ಸತ್ತವರನ್ನು ಮಣ್ಣು ಮಾಡಿಸಬಹುದು, ಆದರೆ ಪ್ರಭುಭೋಜನದ ರೊಟ್ಟಿ ಮುರಿಯುವಂತಿರಲಿಲ್ಲ. ಅದಕ್ಕೆ ಲಿಂಗಸುಗೂರಿನಿಂದ ದೊಡ್ಡ ಅಯ್ಯನವರೇ ತಿಂಗಳಿಗೊಮ್ಮೆ ಬಸ್ಸಿನ ಧೂಳು ಕುಡಿದು ಬರಬೇಕು. ಗುರುದೀಕ್ಷೆ ಆದರೆ ನಮಗೂ ಸ್ವಂತ ಸಭೆ, ಸೋರದ ಮನೆ. ನಾನು ಅದಕ್ಕೇ ಕಾಯುತ್ತಿದ್ದೆ, ಇದರಲ್ಲಿ ಮುಚ್ಚುಮರೆ ಏನಿಲ್ಲ.

ನಮ್ಮನ್ನು ಹಾಕಿದ್ದು ಸಿಂಧನೂರಿನಿಂದ ಮುಕ್ಕುಂದದ ಕಡೆಗೆ ಹೋಗುವ ಹಾದಿಯ ಒಂದು ಹಳ್ಳಿಗೆ. ಕಾಲುವೆ ನೀರು ಹೊಸದು. ಜೋಳ ಬೆಳೆದ ಕೈಗಳು ಭತ್ತದ ಕೆಸರಿನಲ್ಲಿ ಹೊಸ ಕೆಲಸ ಕಲಿಯುತ್ತಿದ್ದವು. ನಮ್ಮ ಸಭೆಯ ಹಿರಿಯ ಅದೇ ಕಾಲುವೆಯ ಲಸ್ಕರ್, ಅಂದರೆ ಗೇಟು ಕಾಯುವವನು. ಹೆಂಡತಿ ಸತ್ತಿದ್ದಳು, ಮಕ್ಕಳಿರಲಿಲ್ಲ. ಕದ್ದು ನೀರು ತಿರುಗಿಸುವವರನ್ನು ಹಿಡಿಯುವುದೇ ಕೆಲಸವಾದವನಿಗೆ ಊರೆಲ್ಲ ಕಳ್ಳರಂತೆ ಕಾಣುವುದು ಸಹಜ. ಆದರೆ ಬಿಡುವಾದಾಗಲೆಲ್ಲ ಆ ಕಣ್ಣು ನಮ್ಮ ಮನೆಯ ಮೇಲೇ ಯಾಕೆ? ಅವನನ್ನು ಕಂಡರೆ ನನಗೆ ಮೈ ಉರಿಯುತ್ತಿತ್ತು.

ಒಂದು ದಿನ ತಗಡಿನ ಪೆಟ್ಟಿಗೆಯನ್ನು ಬಿಸಿಲಿಗಿಟ್ಟು ಬಟ್ಟೆ ಹರವಿದ್ದೆ. ಬಂದು ನಿಂತ.

“ಪೆಟ್ಟಿಗಿ ಯಾಕ ಹೊರಗ ಬಂದೈತ್ರಿ, ಅಮ್ಮಾರ?”

“ತಿಗಣಿ ಆಗ್ಯಾವ.”

“ಬಟ್ಟಿನೂ ಎಲ್ಲಾ ತಗದೀರಲ್ರಿ?”

“ಪೆಟ್ಟಿಗಿ ಅಷ್ಟ ಒಣಗಿಸಿದ್ರ ತಿಗಣಿ ಬಟ್ಟ್ಯಾಗ ಸಂಸಾರ ಹೂಡ್ತಾವ.”

ಅವನು ನಗಲಿಲ್ಲ. ಬಗ್ಗಿ ಪೆಟ್ಟಿಗೆಯ ಒಳಗೆ ನೋಡಿದ. ಚರ್ಚಿನ ಹಿತ್ತಾಳೆ ದೀಪದಕಂಬವನ್ನು ನಾನು ಸೀರೆಯಲ್ಲಿ ಸುತ್ತಿಟ್ಟಿದ್ದೇನೆ ಎಂದು ತಿಳಿದನೋ ಏನೋ.

ಆಮೇಲೆ ಸಿಂಧನೂರು ಬಸ್ಸಿನ ಕಂಡಕ್ಟರ್ ಸಾಹೇಬರು ನನ್ನನ್ನು ಕರೆದು ಮೆಲ್ಲಗೆ ಹೇಳಿದರು: “ಅಮ್ಮಾ, ನಿಮ್ಮ ಲಸ್ಕರ್ ಬಂದು ಅಯ್ನೋರು ಲಿಂಗಸುಗೂರಾಗ ಯಾರನ್ನ ಕಾಣ್ತಾರ, ಏನ್ ಮಾತಾಡ್ತಾರ ಅಂತ ಕೇಳಾಕತ್ತಾನ. ಏನ್ ಮಾಮ್ಲಾ ಇದು?”

ಮಾಮ್ಲಾ ನನಗೆ ಸ್ಪಷ್ಟವಾಗಿತ್ತು. ಇವನು ನಮ್ಮ ಮೇಲೆ ಏನೋ ಕಟ್ಟುತ್ತಿದ್ದಾನೆ, ದೀಕ್ಷೆಗೆ ಕಲ್ಲು ಹಾಕುತ್ತಾನೆ. ಗಂಡನಿಗೆ ಹೇಳಿದರೆ, “ವಯಸ್ಸಾಗೈತಿ, ಬಿಡು,” ಎಂದು ನಕ್ಕರು. ದೇವರು ಅವರಿಗೆ ಸಂಶಯವನ್ನೇ ಕೊಟ್ಟಿರಲಿಲ್ಲ. ಅವರ ಪಾಲನ್ನೂ ನನಗೇ ಕೊಟ್ಟಿದ್ದ.

ಮಳೆಗಾಲದ ಮೊದಲಿಗೆ ಅವನು ಒಂದು ನುಗ್ಗೆ ಟೊಂಗೆ ಹಿಡಿದು ಬಂದ. “ಹಿತ್ತಲದಾಗ ಹಚ್ಚಿ ಹೋಗ್ತೀನ್ರಿ. ಬರೋ ವರ್ಷಕ್ಕ ಕಾಯಿ ಬಿಡ್ತೈತಿ.”

ಹಿತ್ತಲಿಗೆ ಹೊಗಲು ಇದೊಂದು ನೆಪ ಎಂದುಕೊಂಡೆ. ಬಾಗಿಲು ಅರ್ಧ ಮುಚ್ಚಿ, “ಬರೋ ವರ್ಷದ ಮಾತು ಬರೋ ವರ್ಷ ನೋಡೂಣು,” ಎಂದೆ. ಅವನ ಮುಖ ಇಳಿಯಿತು. ಟೊಂಗೆಯನ್ನು ಗೋಡೆಗೆ ಒರಗಿಸಿ ಹೋದ. ಅದು ಅಲ್ಲೇ ಒಣಗಿತು.

ದೀಕ್ಷೆ ಹತ್ತಿರ ಬಂತು. ಅದಕ್ಕೆ ಮುಂಚೆ ಒಂದು ಭಾನುವಾರ ಆರಾಧನೆಯ ನಡುವೆ ಸಭೆಯನ್ನು ಒಂದು ಮಾತು ಕೇಳುವುದು ನಮ್ಮಲ್ಲಿ ಪದ್ಧತಿ: ಇವರಿಗೆ ಗುರುದೀಕ್ಷೆ ಕೊಡಬೇಕೆಂದಿದ್ದೇವೆ, ತಕರಾರು ಇದ್ದವರು ಹೇಳಬಹುದು. ಯಾರೂ ಹೇಳುವುದಿಲ್ಲ. ಕೇಳುವವರೂ ಉತ್ತರ ಬೇಕೆಂದು ಕೇಳುವುದಿಲ್ಲ. ದೊಡ್ಡ ಅಯ್ಯನವರು ಕೇಳಿ ಮುಗಿಸಿ ಆಗಲೇ ಕೀರ್ತನೆಯ ಪುಟ ತಿರುವುತ್ತಿದ್ದರು. ಲಸ್ಕರ್ ಎದ್ದು ನಿಂತ.

“ತಕರಾರು ಐತ್ರಿ.”

ಹೆಂಗಸರೆಲ್ಲ ನನ್ನ ಕಡೆ ತಿರುಗಿದರು.

“ಏನದು?” ಎಂದರು ದೊಡ್ಡ ಅಯ್ಯನವರು.

“ದೀಕ್ಷಾ ಆತಂದ್ರ ಇವ್ರನ್ನ ಎತ್ತಿ ಬ್ಯಾರೆ ಊರಿಗೆ ಹಾಕ್ತೀರಿ. ಹಿಂದಿನೋರ್ನೂ ಹಂಗ ಒಯ್ದ್ರಿ. ಹೊಸಬ್ರು ಬರೂತನಕ ಇಲ್ಲಿ ಯಾರೂ ಇರಲಿಲ್ಲ. ಆವಾಗ ನನ್ನ ಹೆಂಡ್ತಿ ಹೋದ್ಲು. ಒಂದು ಪ್ರಾರ್ಥನಿ ಇಲ್ದ ಆಕೀನ್ನ ಮಣ್ಣಾಗ ಇಟ್ವಿ.”

“ಅದು ತಕರಾರಲ್ಲಪ್ಪ. ಕುಂದ್ರು.”

“ಕೇಳಿದವ್ರು ನೀವು. ನಮ್ಮೂರ ಕಟ್ಟಿ ಮ್ಯಾಲ ಕೇಳಿದಾಗ ಸುಮ್ನ ಕುಂತ್ರ ಒಪ್ಪಿಗಿ ಅಂತ ಅರ್ಥ. ನಂದು ಒಪ್ಪಿಗಿ ಇಲ್ರಿ.”

ಅವನು ಕೂರಲಿಲ್ಲ. ಕೀರ್ತನೆ ಮುಗಿಯುವವರೆಗೂ ಒಬ್ಬನೇ ನಿಂತಿದ್ದ. ಪೆಟ್ಟಿಗೆ, ಕಂಡಕ್ಟರ್, ನುಗ್ಗೆ ಟೊಂಗೆ ಎಲ್ಲ ನನಗೆ ಆಗ ಅರ್ಥವಾಯಿತು. ನಾವು ಗಂಟುಮೂಟೆ ಕಟ್ಟುವ ದಿನ ಯಾವುದೆಂದು ಮುದುಕ ಇಷ್ಟು ದಿನ ಹುಡುಕುತ್ತಿದ್ದ. ನನಗೆ ನಾಚಿಕೆಯಾಯಿತು. ಆದರೂ ದೀಕ್ಷೆ ತಪ್ಪದಿರಲಿ ಎಂದೇ ಬೇಡಿಕೊಂಡೆ.

ದೀಕ್ಷೆ ತಪ್ಪಲಿಲ್ಲ. ಬೆನ್ನಿಗೇ ಮಸ್ಕಿಗೆ ವರ್ಗವಾಯಿತು. ಪೆಟ್ಟಿಗೆಯನ್ನು ಬಂಡಿಗೆ ಏರಿಸಿದವನು ಲಸ್ಕರನೇ.

“ನಾ ಸುಳ್ಳು ಹೇಳಿದ್ನೇನ್ರಿ, ಅಮ್ಮಾರ?”

ನನ್ನ ಗಂಡ ಅವನ ಕೈ ಹಿಡಿದು, “ಹೇಳಿ ಕಳಿಸು, ನಿನ್ನ ಮಣ್ಣಿಗೆ ನಾನ ಬರ್ತೀನಿ,” ಎಂದರು. ಗೇಟಿನ ಬೀಗ ಎಳೆದು ನೋಡುವವನಂತೆ ಅವರ ಮುಖವನ್ನು ಬಹಳ ಹೊತ್ತು ನೋಡಿದ. “ನೋಡೂಣ್ರಿ,” ಎಂದ.

ಮುಂದಿನ ಬೇಸಿಗೆಯಲ್ಲಿ ಒಂದು ಬೆಳಿಗ್ಗೆ ಆ ಊರಿನ ಒಬ್ಬಾತ ಬಸ್ಸಿಳಿದು ನಮ್ಮ ಮನೆಗೆ ಬಂದ. ನಸುಕಿನಲ್ಲಿ ಲಸ್ಕರ್ ತೀರಿಕೊಂಡಿದ್ದ. ನನ್ನ ಗಂಡ ಗುರುಗುಂಟಾಕ್ಕೆ ಹೋಗಿದ್ದರು. ಅವರು ಮರಳುವಷ್ಟರಲ್ಲಿ ಮಧ್ಯಾಹ್ನ.

“ಈ ಬಿಸಿಲಾಗ ಹೆಣ ಇಟ್ಕೊಂಡು ಯಾರು ಕಾಯ್ತಾರ? ಮಣ್ಣು ಮಾಡಿರ್ತಾರ,” ಎಂದೆ ನಾನು. ಹೊಸ ಅಯ್ಯನವರು ಆ ಊರಿಗೆ ಇನ್ನೂ ಬಂದಿರಲಿಲ್ಲ. ಗಂಡ ಚಪ್ಪಲಿ ಬಿಚ್ಚದೆ ಹಾಗೇ ತಿರುಗಿ ಹೊರಟರು. ನಾನೂ ಹೊರಟೆ. ಸಿಂಧನೂರಿನಲ್ಲಿ ಮುಂದಿನ ಬಸ್ಸಿಗಾಗಿ ಕಾದೆವು. ಊರು ಮುಟ್ಟಿದಾಗ ಹೊತ್ತು ಇಳಿದಿತ್ತು.

ಅವನಿನ್ನೂ ಬೇವಿನ ಗಿಡದ ಕೆಳಗೆ ಇದ್ದ. ಮೇಲೆ ಹೊದಿಸಿದ ಗೋಣಿತಟ್ಟಿಗೆ ಜನ ಸರದಿಯ ಮೇಲೆ ಕಾಲುವೆ ನೀರು ತಂದು ಹನಿಸುತ್ತಿದ್ದರು. ನೆರೆಮನೆಯ ಹೆಂಗಸು ಕೊಡ ಇಳಿಸಿ ನನ್ನ ಹತ್ತಿರ ಬಂದಳು.

“ಅಯ್ನೋರು ಬರೂತನಕ ಎತ್ತಬ್ಯಾಡ್ರಿ ಅಂದಿದ್ದ, ಅಮ್ಮಾರ. ಬರಲಿಲ್ಲ ಅಂದ್ರ ಏನ್ ಮಾಡೂದು ಅಂತ ಕೇಳಿದ್ವಿ. ಬರ್ತಾರ, ಅವ್ರ ಮ್ಯಾಲ ನನಗ ಸಂಶೇ ಇಲ್ಲ ಅಂದ.”