ದೊಡ್ಡವ್ವ ಹೊಸ್ತಿಲಾಚೆ ನಿಂತದ್ದು

ಈ ಸಲದ ದಸರೆಯ ಸಂಜೆ, ರಾಣೆಬೆನ್ನೂರಿನ ನಮ್ಮ ಮನೆಯ ಅಡುಗೆಮನೆಗೇ ಪಕ್ಕದ ಮನೆಯ ಹುಡುಗಿ ನುಗ್ಗಿ ಬಂದು ನನ್ನ ಅಂಗೈಯಲ್ಲಿ ಬನ್ನಿ ಎಲೆ ಇಟ್ಟು ಓಡಿದಳು. "ಬನ್ನಿ ತೊಗೊಂಡು ಬಂಗಾರದಂಗ ಇರೂಣ್ರಿ" ಎನ್ನುವ ಮಾತು ಅವಸರದಲ್ಲಿ ಅರ್ಧ ಬಾಯಲ್ಲೇ ಉಳಿಯಿತು. ಎಲೆ ಉಜ್ಜಿ ಮೂಗಿಗೆ ಹಿಡಿದೆ. ಆ ಹಸಿ ಒಗರು ವಾಸನೆ... ಬ್ಯಾಡಗಿಯ ನಮ್ಮ ಹಳೆಯ ಓಣಿಗೆ ಕರೆದೊಯ್ದುಬಿಟ್ಟಿತು.

ಅಲ್ಲಿ ನಮ್ಮ ಗೋಡೆಗೆ ಗೋಡೆ ಹತ್ತಿದ ಮನೆಯಲ್ಲಿ ದೊಡ್ಡವ್ವ ಇದ್ದಳು. ರಕ್ತಸಂಬಂಧವೇನೂ ಇರಲಿಲ್ಲ. ಎಳವೆಯಲ್ಲಿ ತನ್ನನ್ನು ಕಂಕುಳಲ್ಲಿ ಹೊತ್ತು ಆಡಿಸಿದವಳೆಂದು ಅಪ್ಪ ಹಾಗೆ ಕರೆಯುತ್ತಿದ್ದ, ನಾವೂ ಅದನ್ನೇ ಕಲಿತೆವು. ಅವಳು ಬಾಗಿಲಲ್ಲಿ ನಿಂತು ಕೂಗಿದ್ದು ನನಗೆ ಗೊತ್ತಿಲ್ಲ. ಸೀದಾ ಒಲೆಯ ಹತ್ತಿರ ಬಂದು ಸಾರಿನ ಮುಚ್ಚಳ ತೆಗೆದು, "ಇದೇನವಾ, ಸಾರೋ ನೀರೋ? ಬ್ಯಾಡಗಿಯಾಗ ಇದ್ದು ಮೆಣಸಿನಕಾಯಿಗೆ ಕೈ ಹಿಡೀತೀಯಲ್ಲ" ಎಂದು ಅವ್ವನನ್ನು ಕಾಡಿಸುತ್ತಿದ್ದಳು.

ದಸರೆಯ ದಿನ ಕಿರಿಯರು ಹಿರಿಯರ ಮನೆಗೆ ಹೋಗಿ ಬನ್ನಿ ಕೊಟ್ಟು ಕಾಲಿಗೆ ಬೀಳುವುದು ನಮ್ಮ ಕಡೆಯ ರೂಢಿ. ಅಪ್ಪ ಮೊದಲು ಹೋಗುತ್ತಿದ್ದದ್ದು ದೊಡ್ಡವ್ವನ ಮನೆಗೆ. ಬೇರೆಲ್ಲ ಆಮೇಲೆ.

ಒಂದು ವರ್ಷ ಎರಡು ಮನೆಗಳ ನಡುವಿನ ಗಟಾರದ ಸಲುವಾಗಿ ಜಗಳ ಹತ್ತಿತು. ನಮ್ಮ ಬಚ್ಚಲ ನೀರು ತಮ್ಮ ಗೋಡೆ ತಿನ್ನುತ್ತಿದೆ ಎಂದು ಅವಳ ಮಕ್ಕಳು ಗಟಾರಕ್ಕೆ ಕಲ್ಲು ತುಂಬಿದರು. ಅಪ್ಪ ಕಲ್ಲು ತೆಗೆಯಲು ಹೋದಾಗ ಹಿರಿಯ ಮಗ ಸಲಿಕೆ ಎತ್ತಿಕೊಂಡು ಮೈಮೇಲೆ ಬಂದ. ಏಟು ಬೀಳಲಿಲ್ಲ, ಆದರೆ ಅಪ್ಪ ಹೆದರಿದ. ಆ ಹೆದರಿಕೆ ಸುಳ್ಳಲ್ಲ. ಠಾಣೆಗೆ ಹೋಗಿ ರಕ್ಷಣೆ ಬೇಕೆಂದು ಅರ್ಜಿ ಕೊಟ್ಟ. ಆ ಮನೆಯವರು ಯಾರೂ ನಮ್ಮ ಹೊಸ್ತಿಲು ತುಳಿಯಬಾರದೆಂದು ಬರೆಸುವಾಗ ಸಿಟ್ಟಿನಲ್ಲಿ ಎಲ್ಲರ ಹೆಸರನ್ನೂ ಹೇಳಿದ. ದೊಡ್ಡವ್ವನದೂ.

ಹಬ್ಬದ ಗದ್ದಲದಲ್ಲಿ ಏನಾದರೂ ಆದೀತೆಂದು ನಮ್ಮ ಕಟ್ಟೆಯ ಮೇಲೆ ಒಬ್ಬ ಪೇದೆಯನ್ನು ಕೂಡಿಸಿದರು. ಬನ್ನಿ ಹಿಡಿದು ಮನೆಯಿಂದ ಮನೆಗೆ ಹೊರಟ ಓಣಿಯವರು ನಮ್ಮ ಬಾಗಿಲು ಬಂದೊಡನೆ ಆಚೆ ಬದಿಗೆ ಸರಿದು ನಡೆದರು. ಅಪ್ಪ ಹೊರಗೆ ಹೋಗಲಿಲ್ಲ. ತಂದಿಟ್ಟ ಬನ್ನಿ ದೇವರ ಮುಂದೆ ಬಾಡುತ್ತಿತ್ತು.

ದೀಪ ಹಚ್ಚುವ ಹೊತ್ತಿಗೆ ಕಿಟಕಿಯಾಚೆ ಬಡಿಗೆ ಊರುವ ಸಪ್ಪಳ ಕೇಳಿಸಿತು. ಸೆರಗಿನಲ್ಲಿ ಬನ್ನಿ ಕಟ್ಟಿಕೊಂಡು ದೊಡ್ಡವ್ವ ಬಂದಿದ್ದಳು. ಹಿರಿಯಳು, ತಾನೇ ಬಂದಿದ್ದಳು.

ಪೇದೆ ಎದ್ದು ನಿಂತ. "ಯವ್ವಾ, ಒಳಗ ಬಿಡಂಗಿಲ್ರಿ. ನಿಮ್ಮ ಹೆಸರೂ ಬರಿಸ್ಯಾರ."

"ನಂದೂ?" ಬಡಿಗೆಯನ್ನು ಕಟ್ಟೆಗೆ ಆನಿಸಿದಳು. "ನನ್ನ ನಡಾ ನೋಡಪಾ. ಮೆಟ್ಲ ಹತ್ತಾಕ ಈ ಬಡಿಗಿ ಬೇಕು. ಅವನ್ನ ಹೊಡ್ಯಾಕ ಇನ್ನೊಂದು ಎಲ್ಲಿಂದ ತರ್ಲಿ?"

ಪೇದೆ ನಗಲು ಹೋಗಿ ತಲೆ ತಗ್ಗಿಸಿದ.

"ಆತು ಬಿಡು. ಹಬ್ಬದ ದಿನ ಹೆಂಡ್ರು ಮಕ್ಕಳನ್ನ ಬಿಟ್ಟು ಇಲ್ಲಿ ಕುಂತೀಯಲ್ಲ, ನೀನರ ತೊಗೋ."

ಬನ್ನಿಯನ್ನು ಅವನ ಕೈಗಿಟ್ಟಳು. ಅವನು ಟೋಪಿ ತೆಗೆದು ಕಂಕುಳಲ್ಲಿ ಹಿಡಿದು, ಬಗ್ಗಿ ಅವಳ ಕಾಲು ಮುಟ್ಟಿದ.

ಕಿಟಕಿಯ ಹಿಂದೆ ಅಪ್ಪ ನನ್ನ ಪಕ್ಕದಲ್ಲೇ ನಿಂತಿದ್ದ. "ಹೋಗ್ರಿ, ಹೊರಗ ಹೋಗ್ರಿ" ಎಂದಳು ಅವ್ವ. ಅವನು ಕಿಟಕಿಯ ಸರಳು ಬಿಡಲಿಲ್ಲ, ನಾನೂ... ಬಡಿಗೆಯ ಸಪ್ಪಳ ದೂರವಾಯಿತು.

ಮರುದಿನ ಅಪ್ಪ ಅರ್ಜಿ ಹಿಂದಕ್ಕೆ ತೆಗೆದುಕೊಂಡ. ಬಾಡಿದ ಬನ್ನಿಯನ್ನೇ ಹಿಡಿದು ಹೋಗಿ ಅವಳ ಕಾಲಿಗೆ ಬಿದ್ದ. ಅವಳು ತಲೆ ಸವರಿದಳಂತೆ, ಒಂದು ಮಾತೂ ಬೈಯಲಿಲ್ಲವಂತೆ. ಎರಡೂ ಮನೆಯವರು ಕೂಡಿ ಗಟಾರಕ್ಕೆ ಪೈಪು ಹಾಕಿಸಿದರು. ಓಣಿ ಜಗಳ ಮರೆಯಿತು.

ಆದರೆ ಅಂದಿನಿಂದ ದೊಡ್ಡವ್ವ ನಮ್ಮ ಮನೆಗೆ ಬಂದಾಗಲೆಲ್ಲ ಹೊಸ್ತಿಲಾಚೆ ನಿಲ್ಲುತ್ತಿದ್ದಳು. "ಬರ್ಲ್ಯಾ?" ಎಂದು ಕೇಳುತ್ತಿದ್ದಳು. ಅದರಲ್ಲಿ ಕೊಂಕು ಇರಲಿಲ್ಲ. ಇದ್ದಿದ್ದರೆ ತಡೆದುಕೊಳ್ಳಬಹುದಿತ್ತು. ಅವಳು ನಿಜವಾಗಿಯೂ ಕೇಳುತ್ತಿದ್ದಳು. ಅವ್ವ ಓಡಿ ಹೋಗಿ ಕೈ ಹಿಡಿದು ಕರೆತರುತ್ತಿದ್ದಳು. ಅಪ್ಪ ಪೇಪರಿನಲ್ಲಿ ಮುಖ ಹುದುಗಿಸುತ್ತಿದ್ದ. ಸಾರಿನ ಮುಚ್ಚಳವನ್ನು ಅವಳು ಮತ್ತೆ ತೆಗೆಯಲಿಲ್ಲ...

ಈಗ ಅವಳಿಲ್ಲ. ಅಪ್ಪನೂ ಇಲ್ಲ. ಪಕ್ಕದ ಮನೆಯ ಹುಡುಗಿ ಚಪ್ಪಲಿ ಕಾಲಲ್ಲೇ ಬಂದಿದ್ದಳು, ಹೊಸ್ತಿಲಿನಿಂದ ಒಲೆಯವರೆಗೆ ಮಣ್ಣಿನ ಹೆಜ್ಜೆ ಬಿದ್ದಿದ್ದವು. ಒರೆಸಲೆಂದು ಒದ್ದೆ ಬಟ್ಟೆ ತಂದೆ. ಮನಸ್ಸಾಗದೆ, ಹಿಂಡಿ ತಂತಿಯ ಮೇಲೆ ಹಾಕಿದೆ.