ಶನಿವಾರದ ಏಳು ಗುಳಿಗೆಗಳು

ಬೆಳಗಿನ ಐದೂವರೆ. ರಾಣೆಬೆನ್ನೂರಿನ ಹಳೆಯ ಓಣಿಯಲ್ಲಿ ಎಲ್ಲರಿಗಿಂತ ಮೊದಲು ಎದ್ದಿರುವುದು ಉಚ್ಚಂಗೆವ್ವನ ಅಂಗೈ. ಪಟಪಟ ಬಡಿತಕ್ಕೆ ಜೋಳದ ಹಿಟ್ಟಿನ ಉಂಡೆ ತಿರುಗುತ್ತ ತಿರುಗುತ್ತ ಹಿಗ್ಗುತ್ತದೆ, ಅಂಚು ಒಡೆಯುವುದಿಲ್ಲ. ಹಂಚಿನ ಮೇಲೆ ಬಿದ್ದ ರೊಟ್ಟಿಗೆ ಒದ್ದೆ ಬಟ್ಟೆಯಿಂದ ನೀರು ಸವರಿದಾಗ ಏಳುವ ಹಬೆಯಲ್ಲಿ ಅವರ ಮುಖ ಒಂದು ಕ್ಷಣ ಮಾಯವಾಗಿ ಮತ್ತೆ ಮೂಡುತ್ತದೆ.

ಮೊದಲ ರೊಟ್ಟಿ ಮಾರಾಟಕ್ಕಲ್ಲ. ಅದು ಮೂಲೆಯಲ್ಲಿ ಹಳೆಯ ಪೇಪರ್ ಮಡಚುತ್ತ ಕುಳಿತ ತಿರಕಪ್ಪನಿಗೆ. ನಲವತ್ತೊಂದು ವರ್ಷದ ಎತ್ತರದ ಆಳು, ಮಾತು ಕಡಿಮೆ. ಶೇಂಗಾ ಚಟ್ನಿ ಹಚ್ಚಿಕೊಂಡು ಆತ ರೊಟ್ಟಿ ತಿಂದು ಮುಗಿಸಿದ ಮೇಲೆ ಉಚ್ಚಂಗೆವ್ವ ಹಿಟ್ಟಿನ ಕೈ ತೊಳೆದು, ಒರೆಸಿಕೊಂಡು, ಒಂದು ಗುಳಿಗೆ ಕೊಡುತ್ತಾರೆ.

“ಬಾಯಿ ತಗಿ. ನಾಲಗಿ ಎತ್ತು.”

“ನುಂಗೇನಿ ಚಿಗವ್ವ.”

“ನುಂಗಿದ್ದು ಹೇಳಬ್ಯಾಡ, ತೋರ್ಸು.”

ಹಂಚಿನ ಇನ್ನೊಂದು ಬದಿಯಲ್ಲಿ ರೊಟ್ಟಿ ತಿರುವುತ್ತಿರುವ, ಅದೇ ಓಣಿಯ ಅರುಣಾ ನಗುತ್ತಾಳೆ. “ಅಕ್ಕಾ, ನೀ ರೊಟ್ಟಿ ಬಡಿಯೂದ ಬಿಟ್ಟು ಪೊಲೀಸ್ ಆಗಬೇಕಿತ್ತ ನೋಡು.”

ಉಚ್ಚಂಗೆವ್ವ ನಗುವುದಿಲ್ಲ. ಬಾಯಿ ನೋಡುವ ಈ ತಪಾಸಣೆ ಶುರುವಾಗಿ ಮೂರೇ ದಿನವಾಗಿದೆ. ನಾಳೆ, ಗುರುವಾರ, ಹಾವೇರಿಯ ನ್ಯಾಯಾಲಯದ ಮುಂದೆ ಇರುವ ಪ್ರಶ್ನೆ ಒಂದೇ: ತಿರಕಪ್ಪ ಈ ಮನೆಯಲ್ಲೇ ಇರಬಹುದೇ, ಅಥವಾ ಮತ್ತೆ ಬೀಗ ಹಾಕಿದ ವಾರ್ಡಿಗೆ ಹೋಗಬೇಕೇ?

ಒಂಬತ್ತು ವರ್ಷಗಳ ಹಿಂದೆ ಇದೇ ಓಣಿಯಲ್ಲಿ, ಬೇಸಿಗೆಯ ಒಂದು ಮಧ್ಯಾಹ್ನ, ತಿರಕಪ್ಪ ತನ್ನ ಸ್ವಂತ ಅಣ್ಣ ಫಕ್ಕೀರೇಶನನ್ನು ಹಾರೆಯಿಂದ ಹೊಡೆದು ಕೊಂದ. ಬೀಜದ ಗೋದಾಮಿನಲ್ಲಿ ಹಮಾಲಿ ಮಾಡುತ್ತಿದ್ದವನು ಅದಕ್ಕೂ ಮೊದಲು ಆರು ತಿಂಗಳಿಂದ ನಿದ್ದೆಯಿಲ್ಲದೆ ತಿರುಗುತ್ತಿದ್ದ. ಗೋಡೆಗಳು ತನ್ನ ಹೆಸರು ಹಿಡಿದು ಕರೆಯುತ್ತವೆ ಎನ್ನುತ್ತಿದ್ದ. ಮನೆಯವರು ತಾಯಿತ ಕಟ್ಟಿಸಿದ್ದರು, ದೃಷ್ಟಿ ತೆಗೆಸಿದ್ದರು. ಅದು ಆಸ್ಪತ್ರೆಯಲ್ಲಿ ಔಷಧಿ ಸಿಗುವ ಕಾಯಿಲೆ ಎಂದು ಅವರಿಗೆ ಯಾರೂ ಹೇಳಿರಲಿಲ್ಲ.

ಎದುರು ಮನೆಯ ಕಟ್ಟೆಯ ಮೇಲೆ ಜೋಳ ಹಸನು ಮಾಡುತ್ತಿದ್ದ ಉಚ್ಚಂಗೆವ್ವ ಎಲ್ಲವನ್ನೂ ಕಂಡರು. ಪೊಲೀಸರು ಅವರನ್ನೇ ಮುಖ್ಯ ಸಾಕ್ಷಿ ಮಾಡಿದರು. ಹೊಡೆದದ್ದನ್ನು ಕಂಡಿದ್ದೀರಾ ಎಂದು ಕೇಳಿದರೆ ಹೌದು ಅನ್ನಬೇಕು, ಅಷ್ಟೇ ಅವರ ಕೆಲಸ. ಹೌದು ಎಂದರು. ಆಮೇಲೆ ಆರೋಪಿಯ ಪರ ವಕೀಲರು ಎದ್ದು ಒಂದು ಪ್ರಶ್ನೆ ಕೇಳಿದರು: ಆ ಹೊತ್ತಿನಲ್ಲಿ ಆತ ಏನಾದರೂ ಅಂದನೇ?

“ಅಂದಾನ್ರಿ ಅಂದೆ. ಅಣ್ಣನ್ನ ಹೊಡಿಯಾಕತ್ತಿದ್ದ, ಹೊಡಕೋತ ಅಣ್ಣನ್ನೇ ಕರಿಯಾಕತ್ತಿದ್ದ. ‘ಫಕ್ಕೀರಣ್ಣ, ಲಗೂ ಬಾರೋ, ಯಾವನೋ ನಿನ್ನ ಮಾರಿ ಹಾಕ್ಕೊಂಡು ಮನ್ಯಾಗ ಹೊಕ್ಕಾನ’ ಅಂತ. ಅಷ್ಟ ನಾ ಹೇಳಿದ್ದು,” ಎಂದು ಅವರ ಬಗ್ಗೆ ಬರೆಯಲು ಬಂದಿರುವ ನನಗೆ ಉಚ್ಚಂಗೆವ್ವ ಹೇಳುತ್ತಾರೆ.

ಧಾರವಾಡದ ಮಾನಸಿಕ ಆಸ್ಪತ್ರೆಯ ವೈದ್ಯರ ವರದಿಯ ಜೊತೆ ಆ ಮಾತೂ ಸೇರಿತು. ಕೃತ್ಯ ನಡೆದದ್ದು ನಿಜ, ಆದರೆ ಅಣ್ಣನ ಮುಖ ಹೊತ್ತು ಬೇರೆ ಯಾರೋ ಬಂದಿದ್ದಾರೆಂದು ನಂಬಿದ್ದ ಆತ, ತಾನು ಏನು ಮಾಡುತ್ತಿದ್ದೇನೆಂದು ತಿಳಿಯುವ ಸ್ಥಿತಿಯಲ್ಲಿ ಇರಲಿಲ್ಲ. ಆದ್ದರಿಂದ ಶಿಕ್ಷೆ ಇಲ್ಲ ಎಂದು ತೀರ್ಪು ಬಂತು. ಓಣಿಯವರು ಕೆಲವರು ಉಚ್ಚಂಗೆವ್ವನ ಜೊತೆ ಮಾತು ಬಿಟ್ಟರು. ಫಕ್ಕೀರೇಶನ ಹೆಂಡತಿ ಮಂಗಳವ್ವ ಇಬ್ಬರು ಮಕ್ಕಳನ್ನು ಕರೆದುಕೊಂಡು ತವರೂರು ಗುತ್ತಲಕ್ಕೆ ಹೋದರು.

ಅಜ್ಜಿ ಹೇಳುವ ಕಥೆಗಳಲ್ಲಿ ಶಾಪ ಒಂದೇ ಸಲಕ್ಕೆ ಕಳೆಯುತ್ತದೆ. ಗಿಳಿಯ ನೆತ್ತಿಗೆ ಚುಚ್ಚಿದ ಮುಳ್ಳು ಕಿತ್ತರೆ ಸಾಕು, ಗಿಳಿ ರಾಜಕುಮಾರಿಯಾಗುತ್ತದೆ. ಮರುದಿನ ಬೆಳಿಗ್ಗೆ ಆಕೆಗೆ ಯಾರು ಉಣ್ಣಲು ಕೊಟ್ಟರು ಎಂದು ಯಾವ ಕಥೆಯೂ ಹೇಳುವುದಿಲ್ಲ. ಉಚ್ಚಂಗೆವ್ವನ ಕೆಲಸ ಶುರುವಾಗಿರುವುದು ಆ ಮರುದಿನದಿಂದ.

ತೀರ್ಪು ಬಂದ ಎರಡು ವರ್ಷಗಳ ಮೇಲೆ ಕಾನೂನು ನೆರವಿನವರೊಬ್ಬರು ಓಣಿಗೆ ಬಂದು ತಿರಕಪ್ಪನ ಸಂಬಂಧಿಕರು ಯಾರಾದರೂ ಇದ್ದಾರೆಯೇ ಎಂದು ವಿಚಾರಿಸಿದರು. ಖುಲಾಸೆಯಾದವನು ಇನ್ನೂ ಬೀಗ ಹಾಕಿದ ವಾರ್ಡಿನೊಳಗೇ ಇದ್ದ. ಇಂಥವರನ್ನು ಸುಮ್ಮನೆ ಹೊರಗೆ ಬಿಡುವಂತಿಲ್ಲ; ನೋಡಿಕೊಳ್ಳುತ್ತೇನೆ ಎಂದು ಸಂಬಂಧಿಯೋ ಸ್ನೇಹಿತರೋ ಬರೆದುಕೊಡಬೇಕು. ಬರೆದುಕೊಡುವವರು ಒಬ್ಬರೂ ಇರಲಿಲ್ಲ.

“ನನ್ನ ಮಾತಿನಿಂದ ಬಿಡುಗಡಿ ಆತು ಅಂತ ಮಂದಿ ನನಗ ಬೈದಿದ್ರು. ನೋಡಿದ್ರ ಬಿಡುಗಡಿನೇ ಆಗಿಲ್ಲ,” ಎನ್ನುತ್ತಾರೆ ಉಚ್ಚಂಗೆವ್ವ. “ನಾ ಹೆಬ್ಬಟ್ಟು ಒತ್ತಿದೆ. ಏನಾಗಬೇಕು ನಿಮಗ ಅಂತ ಕೇಳಿದ್ರು. ಏನೂ ಆಗೂದಿಲ್ರಿ, ಎದುರು ಮನಿ ಅಂದೆ. ಸ್ನೇಹಿತೆ ಅಂತ ಬರಕೊಂಡ್ರು. ಐವತ್ತಾರನೇ ವಯಸ್ಸಿಗೆ ನನಗ ಗೆಳೆಯ ಸಿಕ್ಕ ನೋಡ್ರಿ.”

ಮನೆಯಲ್ಲಿ ಅವರೊಬ್ಬರೇ. ಗಂಡ ತೀರಿಕೊಂಡು ಹದಿನೈದು ವರ್ಷ. ಹೆದರಿಕೆಯಾಗಲಿಲ್ಲವೇ?

“ಆತ್ರಿ, ಯಾಕ ಆಗೂದಿಲ್ಲ? ಈಳಿಗಿ, ಕುಡಗೋಲು ಎಲ್ಲಾ ಒಯ್ದು ಅರುಣಾನ ಮನ್ಯಾಗ ಇಟ್ಟಿದ್ದೆ. ಒಂದು ಉಳ್ಳಾಗಡ್ಡಿ ಹೆಚ್ಚಬೇಕಂದ್ರೂ ಅಕಿ ಮನಿಗೆ ಹೋಗಬೇಕು. ತಿಂಗಳಾದ ಮ್ಯಾಲ ಇವನ ಅಂದ, ‘ಚಿಗವ್ವ, ಈಳಿಗಿ ತಂದುಬಿಡು. ಅಡ್ಡಾಡಿ ನಿನ್ನ ಕಾಲು ನೋಯತಾವು’ ಅಂತ. ನನಗ ನಾಚಿಕಿ ಆತು.”

ಅದಾಗಿ ಎರಡು ವರ್ಷ ನಾಲ್ಕು ತಿಂಗಳು. ಉಚ್ಚಂಗೆವ್ವ, ಅರುಣಾ ಸೇರಿ ಮೂವರು ಹೆಂಗಸರು ದಿನಕ್ಕೆ ಆರುನೂರು ರೊಟ್ಟಿ ಬಡಿಯುತ್ತಾರೆ. ತಿರಕಪ್ಪ ಅವನ್ನು ಆರಿಸಿ, ಇಪ್ಪತ್ತರಂತೆ ಪೇಪರಿನಲ್ಲಿ ಕಟ್ಟಿ, ಬಸ್ಸಿಗೆ ಹೊತ್ತು ಹಾಕುತ್ತಾನೆ. ಅರ್ಧದಷ್ಟು ರೊಟ್ಟಿ ಬ್ಯಾಡಗಿಯ ಮೆಣಸಿನಕಾಯಿ ಪೇಟೆಯ ಖಾನಾವಳಿಗಳಿಗೆ ಹೋಗುತ್ತದೆ. ಆತ ಮುಟ್ಟಿದ್ದು ಬೇಡವೆಂದು ಓಣಿಯ ಹನ್ನೊಂದು ಮನೆಗಳು ರೊಟ್ಟಿ ಬಿಟ್ಟಿದ್ದವು. “ನಾಲ್ಕು ಮನಿಯವರು ಹೊಳ್ಳಿ ಬಂದ್ರು,” ಎನ್ನುತ್ತಾರೆ ಉಚ್ಚಂಗೆವ್ವ. “ಉಳದವರಿಗೆ ಹಲ್ಲಿಲ್ಲ ಬಿಡ್ರಿ, ಕಡಕ್ ರೊಟ್ಟಿ ನಡಿಯೂದಿಲ್ಲ.”

ಗುಳಿಗೆ ಕೊಟ್ಟ ಪ್ರತಿ ಬೆಳಿಗ್ಗೆ ಗೋಡೆಯ ಕ್ಯಾಲೆಂಡರಿನಲ್ಲಿ ಒಂದು ಗೀಟು. ಮೂರು ತಿಂಗಳಿಗೊಮ್ಮೆ ಆ ಹಾಳೆಗಳು ನ್ಯಾಯಾಲಯಕ್ಕೆ ಹೋಗುತ್ತವೆ. ಒಂದು ಗೀಟೂ ತಪ್ಪಿಲ್ಲ. ತಪ್ಪಿದ್ದು ಬೇರೆಯೇ.

ಈ ಸಲದ ವಿಚಾರಣೆ ದೊಡ್ಡದು, ಪೂರ್ತಿ ಮರುಪರಿಶೀಲನೆ ಎಂದು ತಿಳಿದಾಗ ಉಚ್ಚಂಗೆವ್ವ ಕದರಮಂಡಲಗಿಯ ಹನುಮಪ್ಪನಿಗೆ ಹರಕೆ ಹೊತ್ತರು. ಹನ್ನೊಂದು ಶನಿವಾರ ಹೊತ್ತು ಮುಳುಗುವವರೆಗೆ ಉಪವಾಸ, ಮೊದಲ ಬಸ್ಸಿಗೆ ಹೋಗಿ ದರ್ಶನ. ಆ ದಿನಗಳಲ್ಲಿ ಅವಸರ. ತಿರಕಪ್ಪನ ಮುಂದೆ ರೊಟ್ಟಿ ಇಟ್ಟು, ಕೈಯಲ್ಲಿ ಗುಳಿಗೆ ಇಟ್ಟು, ಗೀಟು ಎಳೆದು ಬಸ್ಸಿಗೆ ಓಡುತ್ತಿದ್ದರು. ಏಳು ಶನಿವಾರ ಹೀಗೆ ಕಳೆದವು. ಭಾನುವಾರಗಳಂದು ಆತ ಬಾಗಿಲಲ್ಲಿ ನಿಂತು ಏನನ್ನೋ ಕಿವಿಗೊಟ್ಟು ಕೇಳುವುದನ್ನು ಒಂದೆರಡು ಸಲ ಕಂಡಿದ್ದರು. ಸೆಕೆಗೆ ನಿದ್ದೆ ಬಂದಿರಲಿಕ್ಕಿಲ್ಲ ಅಂದುಕೊಂಡಿದ್ದರು.

ಕಳೆದ ಭಾನುವಾರ ಅಂಗಿ ಒಗೆಯಲು ನೆನೆಹಾಕುವಾಗ ಕಿಸೆಯಲ್ಲಿ ಪೇಪರಿನ ಸಣ್ಣ ಪೊಟ್ಟಣ ಸಿಕ್ಕಿತು. ಬಿಚ್ಚಿದರೆ ಏಳು ಗುಳಿಗೆ.

“ಯಾಕೋ ತಿರಕಾ ಅಂದೆ. ಅಂವ ಡಾಕ್ಟರ್ ಚೀಟಿ ತಂದು ತೋರಿಸಿದ. ‘ಬೆಳಿಗ್ಗೆ, ಊಟ ಆದ ಮ್ಯಾಲ ಅಂತ ಬರದಾರ ಚಿಗವ್ವ. ನನ್ನ ಸಲುವಾಗಿ ನೀ ಉಪಾಸ ಇದ್ರ ನಾ ಹ್ಯಾಂಗ ಉಣ್ಲಿ? ಉಣ್ಣಲಾರದ ಗುಳಿಗಿ ಹ್ಯಾಂಗ ತಗೋಲಿ?’ ಅಂದ. ರಾತ್ರಿ ಉಂಡ ಮ್ಯಾಲಾದ್ರೂ ತಗೋಬೇಕಿಲ್ಲೋ ಅಂದ್ರ, ಬೆಳಿಗ್ಗೆ ಅಂತ ಐತೆಲ್ಲಾ ಅಂದ. ಏನ್ ಹೇಳ್ತೀರಿ ಇದಕ್ಕ?”

ಅರುಣಾಳ ಸಲಹೆ ಸರಳವಾಗಿತ್ತು. “ತಿಪ್ಯಾಗ ಒಗದು ಬಾ ಅಕ್ಕಾ. ಕೋರ್ಟ್ ಬಂದು ಕಿಸೆ ನೋಡತೈತೇನು? ಹೇಳಿದ್ರ ಇವನ್ನ ಒಳಗ ಹಾಕತಾರ.”

“ಅದೂ ಖರೇನ ಐತಿ,” ಎನ್ನುತ್ತಾರೆ ಉಚ್ಚಂಗೆವ್ವ. “ಆದ್ರ ಆ ಗೀಟು ನಂಬಿ ಡಾಕ್ಟರ್ ಮುಂದಿನ ಔಷಧ ಬರೀತಾರ. ಸುಳ್ಳು ಗೀಟಿಗೆ ಔಷಧ ಬರಸಿದ್ರ ಇವನ ತಲಿಗೆ ಯಾರು ಜವಾಬು?” ಸೋಮವಾರವೇ ಅವರು ವೈದ್ಯರಿಗೆ ತೋರಿಸಿ ಬಂದಿದ್ದಾರೆ. ಹೆಸರು ಬದಲಿಸಿ ಬರೆಯಲೇ ಎಂದು ನಾನು ಕೇಳಿದರೆ ಅವರೂ ತಿರಕಪ್ಪನೂ ಬೇಡ ಎಂದು ತಲೆಯಾಡಿಸುತ್ತಾರೆ.

ಗುರುವಾರ, ಹಾವೇರಿ. ಹೆಸರು ಕರೆದಾಗ ಉಚ್ಚಂಗೆವ್ವ ಕ್ಯಾಲೆಂಡರಿನ ಹಾಳೆಗಳ ಮೇಲೆ ಪೊಟ್ಟಣ ಇಡುತ್ತಾರೆ.

“ಏನಿದು?” ಎಂದು ನ್ಯಾಯಾಧೀಶರು ಕೇಳುತ್ತಾರೆ.

“ಏಳು ಗೀಟು ಸುಳ್ಳು ಅದಾವ್ರಿ. ಅವು ಇವು.”

ಅವರು ನಡೆದದ್ದನ್ನು ಹೇಳುತ್ತಾರೆ. ಸರ್ಕಾರದ ಪರ ವಕೀಲರು ಎದ್ದು, ಷರತ್ತು ಮುರಿದಿದೆ, ಆತನನ್ನು ಮತ್ತೆ ಕಾವಲಿಗೆ ಕಳಿಸಬೇಕು ಎನ್ನುತ್ತಾರೆ. ತಿರಕಪ್ಪ ಕೈಕಟ್ಟಿ ನಿಂತಿದ್ದಾನೆ. ಹಣೆಯ ಬೆವರನ್ನೂ ಒರೆಸಿಕೊಳ್ಳುವುದಿಲ್ಲ. ಗುತ್ತಲದಿಂದ ಬಂದ ಮಂಗಳವ್ವ ಹಿಂದಿನ ಬೆಂಚಿನಲ್ಲಿದ್ದಾರೆ. ಅವರ ಅಭಿಪ್ರಾಯ ಕೇಳಿದಾಗ ಮೆಲ್ಲಗೆ ಎದ್ದು ನಿಲ್ಲುತ್ತಾರೆ.

“ನನ್ನ ಕಣ್ಣಿಗೆ ಅಂವ ಬೀಳಬಾರದ್ರಿ. ಬಿದ್ರ ನನಗ ಹಾರೆ ಕಾಣತೈತಿ,” ಎನ್ನುತ್ತಾರೆ. ಆಮೇಲೆ ಉಚ್ಚಂಗೆವ್ವನ ಬೆನ್ನಿನ ಕಡೆ ಕೈ ತೋರಿಸಿ, “ಆದ್ರ ಅಕಿ ಮುಚ್ಚಿಡಲಿಲ್ಲ. ಅಕಿ ಹತ್ರ ಇದ್ರ ಇರಲಿ. ಎಲ್ಲರೂ ಕೈಬಿಟ್ಟ ಮ್ಯಾಲ ಒಬ್ಬಾಕಿಯಾದ್ರೂ ನೋಡಕೋತಾಳ.”

ಉಚ್ಚಂಗೆವ್ವ ಹಿಂತಿರುಗಿ ನೋಡುವುದಿಲ್ಲ. ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತಾರೆ, ಬಿಚ್ಚುತ್ತಾರೆ.

ವೈದ್ಯರ ವರದಿ ಓದಲಾಗುತ್ತದೆ. ವಾರಕ್ಕೊಂದು ಗುಳಿಗೆ ತಪ್ಪಿದ್ದರಿಂದ ನಿದ್ದೆ ಕೆಟ್ಟಿದೆ, ಹಳೆಯ ಲಕ್ಷಣ ಮರಳಿಲ್ಲ. ಇನ್ನು ಒಂದು ದಿನವೂ ತಪ್ಪಬಾರದು, ಖಾಲಿ ಹೊಟ್ಟೆಯಲ್ಲಿ ತೆಗೆದುಕೊಳ್ಳಬಾರದು. ನ್ಯಾಯಾಧೀಶರು ತಿರಕಪ್ಪನ ಕಡೆ ತಿರುಗುತ್ತಾರೆ.

“ಈ ಗುಳಿಗೆ ಯಾಕೆ ಅಂತ ಗೊತ್ತಾ ನಿನಗೆ?”

“ಗೊತ್ತ್ರೀ.” ಆತನ ದನಿ ಕೇಳಲು ಎಲ್ಲರೂ ಮುಂದಕ್ಕೆ ಬಾಗುತ್ತಾರೆ. “ಅಣ್ಣನ ಮಾರಿ ಅಣ್ಣಂದ ಅಂತ ಗೊತ್ತಾಗಾಕ.”

ಆದೇಶಕ್ಕೆ ಹತ್ತು ನಿಮಿಷ ಹಿಡಿಯುತ್ತದೆ. ತಿರಕಪ್ಪ ಉಚ್ಚಂಗೆವ್ವನ ಮನೆಯಲ್ಲೇ ಇರತಕ್ಕದ್ದು. ಉಂಡು ಗುಳಿಗೆ ನುಂಗಿದ್ದನ್ನು ಕಣ್ಣಾರೆ ಕಂಡ ಮೇಲೆಯೇ ಗುರುತು ಹಾಕಬೇಕು. ಇನ್ನು ಮೂರು ತಿಂಗಳಲ್ಲ, ತಿಂಗಳಿಗೊಮ್ಮೆ ವರದಿ. ಹೊರಗಿನ ಬೇವಿನ ಮರದಡಿ ಬಂದು ನಿಂತಾಗ ಅರುಣಾ ಮೂಗು ಒರೆಸಿಕೊಳ್ಳುತ್ತ, “ನಾ ಹೇಳಿದಂಗ ಕೇಳಿದ್ರ ಮೂರು ತಿಂಗಳಿಗೊಮ್ಮೆ ಇರತಿತ್ತು,” ಎಂದು ಗೊಣಗುತ್ತಾಳೆ. “ಹೌದವಾ, ನೀನ ಜಡ್ಜ್ ಆಗು,” ಎನ್ನುತ್ತಾರೆ ಉಚ್ಚಂಗೆವ್ವ. ಎರಡು ದಿನಗಳಲ್ಲಿ ಅವರು ನಕ್ಕದ್ದನ್ನು ನಾನು ಕಂಡದ್ದು ಆಗಲೇ.

ಶನಿವಾರ. ಹರಕೆಯ ಎಂಟನೆಯ ವಾರ. ಉಚ್ಚಂಗೆವ್ವ ತಿರಕಪ್ಪನನ್ನೂ ಕರೆದುಕೊಂಡು ಕದರಮಂಡಲಗಿಗೆ ಹೊರಟಿದ್ದಾರೆ, ಮನೆಯಲ್ಲಿ ಎದುರುಬದುರು ಕುಳಿತು ಇಬ್ಬರೂ ಹೊಟ್ಟೆ ತುಂಬ ಉಂಡ ಮೇಲೆ. ಗುಡಿಯ ಸಾಲಿನಲ್ಲಿ ನಿಂತು, ಗರ್ಭಗುಡಿಯ ಮುಂದೆ ಬಂದಾಗ ಅವರು ಕಣ್ಣು ಮುಚ್ಚುವುದಿಲ್ಲ. ಪರಿಚಯದವರ ಜೊತೆ ಮಾತಾಡಿದಂತೆ, ಹಿಂದಿದ್ದ ಹೆಂಗಸರು ತಿರುಗಿ ನೋಡುವಷ್ಟು ಗಟ್ಟಿಯಾಗಿ, “ಉಂಡ ಬಂದೇನಪಾ ಹನುಮಪ್ಪ. ಇನ್ನ ಬರೂ ಶನಿವಾರಾನೂ ಉಂಡ ಬರಾಕಿ,” ಎನ್ನುತ್ತಾರೆ.

ಹೊರಗೆ ಬಂದು ಮೆಟ್ಟಿಲ ಮೇಲೆ ಕುಳಿತಾಗ, ಹರಕೆಯ ಉಪವಾಸ ಅರ್ಧಕ್ಕೆ ಬಿಟ್ಟದ್ದಕ್ಕೆ ಅಳುಕಿಲ್ಲವೇ ಎಂದು ಕೇಳುತ್ತೇನೆ. ತಿರಕಪ್ಪ ಎರಡೂ ಕೈಯಲ್ಲಿ ಚಪ್ಪಲಿ ಹಿಡಿದು ಅವರಿಗಾಗಿ ಕಾಯುತ್ತಿದ್ದಾನೆ.

“ನಾ ಹಸದ್ರ ಇವ ಹಸೀತಾನ. ಇವ ಹಸದ್ರ ಗುಳಿಗಿ ತಪ್ಪತೈತಿ,” ಎಂದು ಉಚ್ಚಂಗೆವ್ವ ಮೊಣಕಾಲು ಹಿಡಿದು ಎದ್ದು ನಿಲ್ಲುತ್ತಾರೆ. “ಇಷ್ಟೂ ತಿಳೀಲಾರದ ದೇವರೇನ ತಂಗಿ ಅವ?”